‘ನೇರಿ’ಯೊಡನೆ ನನ್ನ ಒಡನಾಟ

ಇಂಗ್ಲಿಷ್ ಕಥೆ, ಕಾದಂಬರಿಗಳನ್ನು ಕನ್ನಡಕ್ಕೆ ತರುವವರಿಗೆ ನಿಘಂಟಿನಲ್ಲಿ ಅರ್ಧ ಪುಟ ತುಂಬುವ ಪದಗಳು ಅಷ್ಟೇನೂ ತೊಂದರೆ ಕೊಡುವುದಿಲ್ಲ. ಹತ್ತು ಅರ್ಥಗಳಲ್ಲಿ ಒಂದು ಹೊಂದಿಯೇ ಹೊಂದುತ್ತದೆ. ಒಂದೇ ಸಾಲಿನಲ್ಲಿ ಮುಗಿದುಹೋಗುವ ಪದಗಳದ್ದೇ ಫಜೀತಿ. ‘ನೇರಿ’ ಅಂಥದ್ದು. ಎನ್, ಎ, ಆರ್, ವೈ, ನಾಲ್ಕೇ ಅಕ್ಷರ. ‘ಡೇರಿ’ಗೆ ಪ್ರಾಸವಾಗುವಂತೆ ಉಚ್ಚರಿಸಬೇಕು. ಕಾಗುಣಿತ ನೋಡಿ ‘ನಾರಿ’ ಎಂದು ಓದುವವರಿದ್ದಾರೆ; ಆಗ ಸಂಬಂಧವೇ ಇಲ್ಲದ ಹೆಂಗಸೊಬ್ಬಳು ವಾಕ್ಯದ ನಡುವೆ ಬಂದು ಕೂರುತ್ತಾಳೆ. ನಿಘಂಟು ತೆರೆದರೆ ‘ಒಂದೂ ಇಲ್ಲ’ ಎಂಬಷ್ಟೇ ಉತ್ತರ, ಜೊತೆಗೆ ಆಡುಮಾತಿನದು ಅಥವಾ ಪ್ರಾದೇಶಿಕ ಎಂಬ ಸೂಚನೆ. ಅರ್ಥ ತಿಳಿಯಿತು, ಆದರೆ ಕೆಲಸ ಸಾಗಲಿಲ್ಲ.

ಹಾಗಾಗಿ ಓದುವಾಗ ಈ ಪದ ಕಣ್ಣಿಗೆ ಬಿದ್ದಲ್ಲೆಲ್ಲ ಇಡೀ ವಾಕ್ಯವನ್ನು ಒಂದು ಚೀಟಿಯಲ್ಲಿ ಬರೆದಿಟ್ಟುಕೊಳ್ಳತೊಡಗಿದೆ. ಅಪರೂಪದ ಪದಗಳ ವಿಷಯದಲ್ಲಿ ನನಗೆ ನಿಘಂಟಿಗಿಂತ ಚೀಟಿಗಳ ಮೇಲೆ ನಂಬಿಕೆ ಹೆಚ್ಚು. ಚೀಟಿಗಳು ಒಂದಷ್ಟು ಸೇರಿದ ಮೇಲೆ ‘ನೇರಿ’ಯನ್ನು ಬಿಟ್ಟು ಅದರ ಹಿಂದೆ ಬರುವ ನಾಮಪದಕ್ಕೆ ಅಡಿಗೆರೆ ಎಳೆದೆ. ‘ನೇರಿ ಎ ಸೋಲ್’, ‘ನೇರಿ ಎ ವರ್ಡ್’, ‘ನೇರಿ ಎ ಪೆನ್ನಿ’, ‘ನೇರಿ ಎ ಕ್ಲೌಡ್’, ‘ನೇರಿ ಎ ಸ್ಕ್ರ್ಯಾಚ್’. ಒಂದು ಜೀವ, ಒಂದು ಮಾತು, ಒಂದು ಕಾಸು, ಒಂದು ಮೋಡ, ಒಂದು ಗೀರು. ಯಾವುದನ್ನು ತೆಗೆದುಕೊಂಡರೂ ಅದು ಆಯಾ ಸಂದರ್ಭದಲ್ಲಿ ಕನಿಷ್ಠಪಕ್ಷ ಇರಬಹುದೆಂದು ಎಣಿಸಿದ್ದ ವಸ್ತು. ‘ನೋ’ ಎಂಬ ಸಾದಾ ಪದ ಇಲ್ಲವೆಂದಷ್ಟೇ ಹೇಳುತ್ತದೆ. ‘ನೇರಿ’ ಹೇಳುವುದು ಬೇರೆ: ಇಷ್ಟಾದರೂ ಇದ್ದೀತು ಎಂದುಕೊಂಡಿದ್ದೆವು, ಅದೂ ಇಲ್ಲ. ನಿರಾಸೆಯಿರಬಹುದು, ಸಮಾಧಾನವಿರಬಹುದು, ಕುಹಕವೂ ಇರಬಹುದು. ನಿರೀಕ್ಷೆಯೊಂದು ಸುಳ್ಳಾಗಿರುವುದಂತೂ ಖಚಿತ.

ಪದದ ಹುಟ್ಟನ್ನು ಕೆದಕಿದಾಗ ಇದು ಇನ್ನಷ್ಟು ಸ್ಪಷ್ಟವಾಯಿತು. ‘ಎಂದಿಗೂ ಇಲ್ಲ’ ಎಂಬರ್ಥದ ‘ನೆವರ್’ ಕಾವ್ಯದಲ್ಲೂ ಆಡುಮಾತಿನಲ್ಲೂ ಸವೆದು ‘ನೇರ್’ ಆಗಿತ್ತು. ಅದಕ್ಕೆ ‘ಎ’ ಸೇರಿ ‘ನೇರ್ ಎ’, ಬಾಯಿಂದ ಬಾಯಿಗೆ ಹೋಗುತ್ತ ‘ನೇರಿ’. 18ನೇ ಶತಮಾನದ ಮಧ್ಯಭಾಗದ ಹೊತ್ತಿಗೆ ಈ ರೂಪ ಬರವಣಿಗೆಯಲ್ಲಿ ಕಾಣಿಸಿಕೊಳ್ಳುತ್ತದೆ. ಆ ‘ನೆವರ್’ ಕೂಡ ಒಂಟಿ ಪದವಲ್ಲ. ಹಳೆಯ ಇಂಗ್ಲಿಷಿನ ‘ನೆ’ ಎಂಬ ನಿಷೇಧ ಪ್ರತ್ಯಯ ‘ಎಂದಾದರೂ’ ಎಂಬರ್ಥದ ಪದಕ್ಕೆ ಅಂಟಿ ಆದದ್ದು ಅದು. ‘ನನ್’, ‘ನಾಟ್’, ‘ನಾರ್’, ‘ನೈದರ್’ ಎಲ್ಲದರ ತಲೆಯ ಮೇಲಿರುವ ನಕಾರ ಈ ಒಂದೇ ಮನೆತನದ್ದು. ಅಂದರೆ ‘ನೇರಿ’ಯಲ್ಲಿ ‘ಇಲ್ಲ’, ‘ಎಂದಾದರೂ’, ‘ಒಂದು’ ಎಂಬ ಮೂರು ತುಣುಕುಗಳಿವೆ. ಹಾಗಿದ್ದ ಮೇಲೆ ‘ನೇರಿ ಎ’ ಎಂದು ಮತ್ತೊಂದು ‘ಎ’ ಸೇರಿಸುವುದು ಪುನರುಕ್ತಿ. ನಮ್ಮಲ್ಲಿ ‘ಗೇಟು ಬಾಗಿಲು’ ಎನ್ನುವುದಿಲ್ಲವೇ, ಹಾಗೆ. ಈಗ ಆ ಪುನರುಕ್ತಿಯೇ ಶಿಷ್ಟರೂಪ. ಹಳೆಯ ಅರ್ಥಕ್ಕೆ ನಿಷ್ಠವಾಗಿ ‘ಎ’ ಬಿಟ್ಟು ಆಡಿದರೆ ಹಳ್ಳಿಗರ ಮಾತಾಗಿ ಕೇಳಿಸುತ್ತದೆ. ಭಾಷೆಯಲ್ಲಿ ನ್ಯಾಯ ಹುಡುಕಬಾರದು.

ಬಳಕೆಯ ನಿಯಮಗಳು ಹೆಚ್ಚಿಲ್ಲ. ಹಿಂದೆ ಬರುವ ನಾಮಪದ ಏಕವಚನವಾಗಿರಬೇಕು, ಎಣಿಸುವಂಥದ್ದಾಗಿರಬೇಕು. ನೀರಿಲ್ಲ ಎನ್ನಲು ‘ನೇರಿ ಎ ವಾಟರ್’ ಆಗದು, ‘ನೇರಿ ಎ ಡ್ರಾಪ್ ಆಫ್ ವಾಟರ್’ ಎಂದು ಹನಿಯ ಲೆಕ್ಕಕ್ಕೆ ಇಳಿಸಬೇಕು. ಸ್ವರ ಬಂದರೆ ‘ನೇರಿ ಆನ್’. ವಾಕ್ಯದ ಕರ್ಮವನ್ನು ಎತ್ತಿ ಮೊದಲಿಗೆ ಇಟ್ಟರೆ ಕರ್ತೃ ಮತ್ತು ಸಹಾಯಕ ಕ್ರಿಯಾಪದ ಜಾಗ ಬದಲಿಸುತ್ತವೆ: ‘ನೇರಿ ಎ ವರ್ಡ್ ಡಿಡ್ ಹಿ ಸೇ’. ಅದೇ ಕರ್ತೃವಾಗಿ ಬಂದರೆ ಬದಲಾವಣೆಯಿಲ್ಲ: ‘ನೇರಿ ಎ ಸೋಲ್ ವಾಸ್ ದೇರ್’. ಪದ ನಿಷೇಧಾರ್ಥಕವೋ ಅಲ್ಲವೋ ಎಂಬ ಅನುಮಾನ ಬಂದರೆ ಕೊನೆಗೆ ಬಾಲಪ್ರಶ್ನೆ, ಅಂದರೆ ವಾಕ್ಯದ ತುದಿಗೆ ಅಂಟುವ ಪುಟ್ಟ ಪ್ರಶ್ನೆ, ಹಚ್ಚಿ ನೋಡಬಹುದು. ‘ನೇರಿ ಎ ಸೋಲ್ ಕೇಮ್, ಡಿಡ್ ದೇ?’ ಎಂದು ಬಾಲ ಧನಾತ್ಮಕವಾಗಿರುತ್ತದೆ, ಆದ್ದರಿಂದ ತಲೆ ಋಣಾತ್ಮಕ. ಕನ್ನಡದ ‘ಅಲ್ಲವೇ?’ಗೆ ಈ ಉಪದ್ರವವೇ ಇಲ್ಲ. ಹೌದಿಗೂ ಇಲ್ಲಕ್ಕೂ ಅದೇ.

ಆದರೂ ಈ ಪರೀಕ್ಷೆಯೊಂದೇ ಸಾಲದು. ‘ಇಲ್ಲವೆನ್ನುವಷ್ಟು ಕಡಿಮೆ’ ಎಂಬರ್ಥದ ‘ಹಾರ್ಡ್ಲಿ’ಗೂ ಬಾಲ ಧನಾತ್ಮಕವೇ, ‘ನೇರಿ’ಯನ್ನು ಅದರ ಬಳಗಕ್ಕೆ ಸೇರಿಸುವವರೂ ಬಹಳ. ಕರಡು ಅನುವಾದಗಳನ್ನು ತಿದ್ದುವಾಗ ‘ಒಬ್ಬರೋ ಇಬ್ಬರೋ ಬಂದಿದ್ದರು’, ‘ಅಪರೂಪಕ್ಕೆ ಮಾತನಾಡುತ್ತಿದ್ದ’ ಎಂಬ ಸಾಲುಗಳು ಎದುರಾದರೆ ನಾನು ಮೂಲವನ್ನು ತೆರೆದು ನೋಡುತ್ತೇನೆ. ಹಲವು ಸಲ ಅಲ್ಲಿ ‘ನೇರಿ’ ಕೂತಿರುತ್ತದೆ. ಧ್ವನಿಯಲ್ಲಿ ‘ಬಹುತೇಕ’ ಎಂಬರ್ಥದ ‘ನಿಯರ್ಲಿ’ಗೆ ಹತ್ತಿರವಿರುವುದು ಇನ್ನೊಂದು ಬಲೆ. ‘ಹಾರ್ಡ್ಲಿ’ ಸೊನ್ನೆಯ ಆಸುಪಾಸಿನಲ್ಲಿ ಸುಳಿದಾಡುತ್ತದೆ, ‘ನೇರಿ’ ಸೊನ್ನೆಯ ಮೇಲೆಯೇ ನಿಲ್ಲುತ್ತದೆ.

ಇನ್ನು ಕನ್ನಡದ ಕಡೆ. ಇಂಗ್ಲಿಷಿನಲ್ಲಿ ನಿಷೇಧ ನಾಮಪದದ ಹೆಗಲೇರಿ ಬರಬಲ್ಲದು. ‘ನೇರಿ ಎ ಸೋಲ್’ ಎನ್ನುವಷ್ಟರಲ್ಲಿ ಕೇಳುವವನಿಗೆ ಇಲ್ಲವೆಂಬುದು ತಿಳಿದುಹೋಗುತ್ತದೆ, ಕ್ರಿಯಾಪದ ಇನ್ನೂ ಬಂದಿರುವುದಿಲ್ಲ. ಕನ್ನಡದಲ್ಲಿ ನಿಷೇಧದ ಜಾಗ ಕ್ರಿಯಾಪದ. ಹಳಗನ್ನಡದಲ್ಲಂತೂ ಇದು ಎಷ್ಟು ಸೂಕ್ಷ್ಮವೆಂದರೆ ನಿಷೇಧಕ್ಕೆ ಬೇರೆ ಗುರುತೇ ಬೇಕಿರಲಿಲ್ಲ. ‘ಮಾಡುವೆನು’ ಎಂಬುದರಿಂದ ನಡುವಿನ ‘ಉವ’ ತೆಗೆದರೆ ‘ಮಾಡೆನು’, ಮಾಡುವುದಿಲ್ಲ ಎಂದರ್ಥ. ‘ಅರಿಯೆ’, ‘ಒಲ್ಲೆ’, ‘ಕಾಣೆ’ ಇಂದಿಗೂ ಉಳಿದಿರುವುದು ಆ ಪದ್ಧತಿಯ ಪಳೆಯುಳಿಕೆಗಳಾಗಿ. ಇಷ್ಟು ತಡವಾಗಿ ಬರುವ ನಿಷೇಧವನ್ನು ಇಟ್ಟುಕೊಂಡು ‘ನೇರಿ’ಯ ಮುಂಗಡ ಸೂಚನೆಯನ್ನು ತರುವುದು ಹೇಗೆ?

ಸುಲಭದ ದಾರಿ ‘ಯಾವುದೇ’. ‘ಯಾವುದೇ ವ್ಯಕ್ತಿ ಇರಲಿಲ್ಲ’, ‘ಯಾವುದೇ ಮಾತನ್ನು ಆಡಲಿಲ್ಲ’. ನನಗೆ ಈ ‘ಯಾವುದೇ’ಯನ್ನು ಕಂಡರೆ ಆಗುವುದಿಲ್ಲ. ಪತ್ರಿಕಾ ಪ್ರಕಟಣೆಗೆ ಅದು ಸರಿ, ‘ಯಾವುದೇ ಪ್ರಾಣಹಾನಿ ಸಂಭವಿಸಿಲ್ಲ’ ಎನ್ನುವಾಗ ಯಾರೂ ರಸ ನಿರೀಕ್ಷಿಸುವುದಿಲ್ಲ. ಆದರೆ ‘ನೇರಿ’ ಬಳಸುವ ಬರಹಗಾರ ಸ್ವಲ್ಪ ಹಳೆಯ ಕಾಲದವನಂತೆ, ಸ್ವಲ್ಪ ತುಂಟನಂತೆ ಕಾಣಿಸಿಕೊಳ್ಳಲು ಬಯಸಿರುತ್ತಾನೆ. ಅವನ ತುಟಿಯಂಚಿನ ನಗು ‘ಯಾವುದೇ’ಯಲ್ಲಿ ಸತ್ತುಹೋಗುತ್ತದೆ.

ಉತ್ತರ ಇದ್ದದ್ದು ಆ ಅಡಿಗೆರೆ ಎಳೆದ ನಾಮಪದಗಳಲ್ಲಿಯೇ. ನಿಷೇಧದ ನೆರಳಿನಲ್ಲಷ್ಟೇ ಬದುಕುವ ಪದಗಳು ಕನ್ನಡದಲ್ಲಿ ರಾಶಿರಾಶಿ ಇವೆ. ‘ನರಪಿಳ್ಳೆ’ಯನ್ನೇ ನೋಡಿ. ‘ನರಪಿಳ್ಳೆ ಬಂದಿತ್ತು’ ಎಂದು ಯಾರೂ ಹೇಳುವುದಿಲ್ಲ. ‘ನರಪಿಳ್ಳೆಯೂ’ ಎಂಬುದು ಕಿವಿಗೆ ಬಿದ್ದೊಡನೆ ‘ಇರಲಿಲ್ಲ’ ಬರುತ್ತದೆಂದು ಓದುಗ ಸಿದ್ಧನಾಗಿರುತ್ತಾನೆ. ‘ಚಕಾರ’ ಎಂದರೆ ‘ಎತ್ತಲಿಲ್ಲ’, ‘ಬಿಡಿಗಾಸೂ’ ಎಂದರೆ ‘ಬಿಚ್ಚಲಿಲ್ಲ’, ‘ಕೂದಲೂ’ ಎಂದರೆ ‘ಕೊಂಕಲಿಲ್ಲ’. ‘ಎಳ್ಳಷ್ಟೂ’, ‘ಲವಲೇಶವೂ’, ‘ಕಿಂಚಿತ್ತೂ’ ಇವೆಲ್ಲ ಅದೇ ಜಾತಿ. ‘ನೇರಿ’ ಇಂಗ್ಲಿಷಿನಲ್ಲಿ ಮುಂದೆ ನಿಂತು ಮಾಡುವ ಕೆಲಸವನ್ನು ಕನ್ನಡದಲ್ಲಿ ನಾಮಪದ ಮತ್ತು ಅದರ ಬಾಲದ ‘ಊ’ ಸೇರಿ ಮಾಡುತ್ತವೆ. ಇದು ಹೊಳೆದ ಮೇಲೆ ನಾನು ‘ನೇರಿ’ಗೆ ಸಮಾನಪದ ಹುಡುಕುವುದನ್ನೇ ನಿಲ್ಲಿಸಿದೆ. ಹುಡುಕುವುದು ಈಗ ನಾಮಪದವನ್ನು.

ಅಂಥ ಪದಗಳು ನಿಷೇಧಕ್ಕೆ ಅಂಟಿಕೊಳ್ಳುವುದು ಹಲವು ಭಾಷೆಗಳಲ್ಲಿ ನಡೆದದ್ದೇ. ಡೆನ್ಮಾರ್ಕಿನ ಭಾಷಾವಿಜ್ಞಾನಿ ಓಟೊ ಯೆಸ್ಪರ್ಸನ್ 1917ರಲ್ಲಿ ನಿಷೇಧದ ಬಗ್ಗೆಯೇ ಒಂದು ಪುಸ್ತಕ ಬರೆದು ಈ ಹಾದಿಯನ್ನು ತೋರಿಸಿಕೊಟ್ಟರು. ಫ್ರೆಂಚಿನ ‘ಪಾ’ ಮೂಲದಲ್ಲಿ ‘ಹೆಜ್ಜೆ’. ಒಂದು ಹೆಜ್ಜೆಯೂ ಇಡಲಿಲ್ಲ ಎಂಬುದನ್ನು ಒತ್ತಿ ಹೇಳಲು ಬಂದದ್ದು, ಕಾಲಾಂತರದಲ್ಲಿ ತಾನೇ ‘ಇಲ್ಲ’ವಾಗಿ ಕೂತಿತು. ಈಗ ಆಡುಮಾತಿನ ಫ್ರೆಂಚಿನಲ್ಲಿ ಮೂಲದ ನಿಷೇಧಪದ ‘ನೆ’ ಬಿದ್ದುಹೋಗಿ ಹೆಜ್ಜೆಯೊಂದೇ ಉಳಿದಿರುತ್ತದೆ.

ಚೀಟಿಗಳಲ್ಲಿ ನನ್ನನ್ನು ಹೆಚ್ಚು ಹೊತ್ತು ಹಿಡಿದಿಟ್ಟದ್ದು ‘ನೇರಿ ಎ ವರ್ಡ್’. ಇದು ಒಂದೇ ಪದಗುಚ್ಛವಾದರೂ ಕನ್ನಡದಲ್ಲಿ ಕನಿಷ್ಠ ಮೂರು ಬೇರೆ ಸಂಗತಿ. ಬೈಗುಳ ತಿಂದೂ ಸುಮ್ಮನಿದ್ದರೆ ‘ತುಟಿ ಪಿಟಕ್ಕೆನ್ನಲಿಲ್ಲ’. ಅನ್ಯಾಯ ಕಂಡೂ ಸುಮ್ಮನಿದ್ದರೆ ‘ಚಕಾರವೆತ್ತಲಿಲ್ಲ’. ಮದುವೆ ಗೊತ್ತು ಮಾಡಿಕೊಂಡು ಅಕ್ಕನಿಗೆ ತಿಳಿಸದೇ ಇದ್ದರೆ ‘ನನಗೊಂದು ಮಾತು ಹೇಳಲಿಲ್ಲ’. ಕೊನೆಯದರಲ್ಲಿ ‘ಊ’ ಇಲ್ಲದಿರುವುದನ್ನು ಗಮನಿಸಬೇಕು. ‘ಒಂದು ಮಾತೂ’ ಎಂದರೆ ಮೌನದ ವರದಿ, ‘ಒಂದು ಮಾತು’ ಎಂದರೆ ನೊಂದವರ ಆಕ್ಷೇಪ. ಇನ್ನು ‘ವಿತ್ ನೇರಿ ಎ ವರ್ಡ್’ ಎಂದು ಬಂದರೆ ಕನ್ನಡ ತನ್ನ ‘ದೆ’ಯನ್ನು ಮುಂದೆ ಮಾಡುತ್ತದೆ: ‘ಹೇಳದೆ ಕೇಳದೆ ಹೊರಟುಹೋದ’. ಹಿಂದಿನ ನೋಟವಾದರೆ ‘ತಿರುಗಿಯೂ ನೋಡದೆ’, ಯೋಚನೆಯಾದರೆ ‘ಹಿಂದೆಮುಂದೆ ನೋಡದೆ’. ಇಲ್ಲಿ ಮಾತು, ನೋಟ, ಯೋಚನೆ ಎಂಬ ನಾಮಪದಗಳೆಲ್ಲ ಕರಗಿ ಕ್ರಿಯೆಗಳಾಗಿವೆ. ಮೂಲದಲ್ಲಿ ನಾಮಪದವಿದೆಯೆಂದು ‘ಒಂದು ಹಿಂದಿನ ನೋಟವೂ ಇಲ್ಲದೆ’ ಎಂದು ಬರೆದವರ ಹಸ್ತಪ್ರತಿಯನ್ನು ನಾನು ದಯೆಯಿಲ್ಲದೆ ತಿದ್ದಿದ್ದೇನೆ.

ನಾನು ಅನುವಾದಿಸಿದ ಕಥೆಯ ಸಾಲನ್ನು ಇಲ್ಲಿ ಎತ್ತಿಕೊಡುವಂತಿಲ್ಲ. ಅದೇ ಜಾಡಿನ ಒಂದು ಸಾಲನ್ನು ಕಟ್ಟಿ ತೋರಿಸುತ್ತೇನೆ. ದೂರದ ನಗರಕ್ಕೆ ಹೋದ ಮಗನ ಬಗ್ಗೆ ಮುದುಕಿಯೊಬ್ಬಳು ಹೇಳುತ್ತಾಳೆ: ‘ನೇರಿ ಎ ಲೆಟರ್ ಡಿಡ್ ಹಿ ಸೆಂಡ್, ನೇರಿ ಎ ಡಾಲರ್’. ಮೊದಲ ಕರಡು ಹೀಗಾದೀತು: ‘ಅವನು ಯಾವುದೇ ಪತ್ರವನ್ನಾಗಲಿ ಹಣವನ್ನಾಗಲಿ ಕಳುಹಿಸಲಿಲ್ಲ.’ ಇದು ಠಾಣೆಯಲ್ಲಿ ಬರೆಸಿಕೊಂಡ ಹೇಳಿಕೆ. ‘ಅವನು ಒಂದು ಪತ್ರವನ್ನೂ ಕಳುಹಿಸಲಿಲ್ಲ, ಒಂದು ಡಾಲರನ್ನೂ ಕಳುಹಿಸಲಿಲ್ಲ’ ಎಂದರೆ ಅರ್ಥ ಪೂರ್ತಿ ಬಂತು, ಎರಡು ಸಲದ ಬಡಿತವೂ ಬಂತು. ಆದರೂ ಮುದುಕಿ ಮಾತನಾಡುತ್ತಿಲ್ಲ, ಲೆಕ್ಕ ಒಪ್ಪಿಸುತ್ತಿದ್ದಾಳೆ. ‘ಡಾಲರ್’ ತೆಗೆದು ‘ಬಿಡಿಗಾಸು’ ಹಾಕೋಣವೆಂದರೆ ಅದು ಜಿಪುಣನ ಮೇಲಿನ ಸಿಟ್ಟಾಗುತ್ತದೆ, ಅವಳದು ಸಿಟ್ಟಲ್ಲ. ಕೊನೆಗೆ ನಿಲ್ಲುವುದು ಇದು: ‘ಪತ್ರವೆಂದು ಒಂದು ಬರಲಿಲ್ಲ, ದುಡ್ಡೆಂದು ಒಂದು ಡಾಲರ್ ಬರಲಿಲ್ಲ.’ ಇಲ್ಲಿ ‘ಊ’ ಹೋಯಿತು. ‘ಕಳುಹಿಸು’ ಹೋಗಿ ‘ಬರು’ ಬಂತು, ಅದರ ಜೊತೆಗೆ ‘ಅವನು’ ಕೂಡ ಮಾಯವಾದ. ಮಗನ ಮೇಲೆ ನೇರವಾಗಿ ದೂರು ಹೊರಿಸದ ತಾಯಿ ಹೀಗೆಯೇ ಹೇಳಿಯಾಳು. ಮೂಲದಲ್ಲಿ ‘ಹಿ’ ಇದೆಯಲ್ಲ ಎಂದು ಯಾರಾದರೂ ಆಕ್ಷೇಪಿಸಿದರೆ, ಇಂಗ್ಲಿಷಿಗೆ ಕರ್ತೃವನ್ನು ಬಿಡುವ ಸ್ವಾತಂತ್ರ್ಯವಿಲ್ಲ, ನಮಗಿದೆ ಎಂಬುದೇ ನನ್ನ ಉತ್ತರ.

ಇಮ್ಮಡಿ ನಿಷೇಧದ ತಂಟೆಯನ್ನೂ ಹೇಳಬೇಕು. ಅಮೆರಿಕದ ಅಪಲಾಚಿಯ ಗುಡ್ಡಗಾಡಿನ ಮಾತಿನಲ್ಲಿ ‘ಡೋಂಟ್’ ಜೊತೆಗೆ ‘ನೇರಿ’ಯೂ ಬರುವುದುಂಟು. ಶಿಷ್ಟ ಇಂಗ್ಲಿಷ್ ಇದನ್ನು ತಪ್ಪೆನ್ನುತ್ತದೆ. ಆದರೆ ಅಲ್ಲಿ ಎರಡು ನಿಷೇಧಗಳು ಒಂದನ್ನೊಂದು ಹೊಡೆದುಹಾಕುವುದಿಲ್ಲ, ಒತ್ತು ಕೊಡುತ್ತವೆ. 14ನೇ ಶತಮಾನದ ಇಂಗ್ಲಿಷ್ ಕವಿ ಚಾಸರ್ ತನ್ನ ವೀರಯೋಧ ಯಾರಿಗೂ ಕೆಟ್ಟ ಮಾತಾಡಿದವನಲ್ಲ ಎನ್ನಲು ಎರಡು ಸಾಲುಗಳಲ್ಲಿ ನಾಲ್ಕು ನಿಷೇಧಗಳನ್ನು ಪೋಣಿಸಿದ್ದ. ಲೆಕ್ಕ ಹಾಕಿ ಅವನ್ನು ರದ್ದು ಮಾಡುವ ಚಟ 18ನೇ ಶತಮಾನದ ವ್ಯಾಕರಣಕಾರರಿಂದ ಬಲವಾಯಿತು. ಕನ್ನಡದಲ್ಲಿ ‘ಹೇಳದೆ ಬಿಡಲಿಲ್ಲ’ ಎಂದರೆ ಹೇಳಿಯೇ ಬಿಟ್ಟ ಎಂದರ್ಥ, ನಮ್ಮಲ್ಲಿ ರದ್ದಾಗುತ್ತದೆ. ಹಾಗಾಗಿ ಆ ಜನರ ಮಾತನ್ನು ತರುವಾಗ ಎರಡನೆಯ ನಿಷೇಧವನ್ನು ಒತ್ತಾಗಿ ಮಾತ್ರ ಉಳಿಸುತ್ತೇನೆ: ‘ಒಂದೂ ಇಲ್ಲ’ದ ಬದಲು ‘ಒಂದೇ ಒಂದೂ ಇಲ್ಲ’. ಗುಡ್ಡಗಾಡಿನವರೆಂದು ಅವರ ಬಾಯಿಗೆ ಕನ್ನಡದ ಯಾವುದೋ ಒಂದು ಪ್ರಾಂತ್ಯದ ನುಡಿಯನ್ನು ತುರುಕುವುದು ನನಗೆ ಒಪ್ಪಿಗೆಯಿಲ್ಲ. ಹಾಗೆ ಮಾಡಿದರೆ ಓದುಗನಿಗೆ ಆ ಗುಡ್ಡ ಕಾಣುವುದಿಲ್ಲ, ತನ್ನ ಪರಿಚಯದ ಊರು ಕಾಣುತ್ತದೆ.

ಇಂಗ್ಲಿಷಿನಲ್ಲಿ ಬರೆಯುವಾಗ ‘ನೇರಿ’ ಬಳಸಬಹುದೇ ಎಂದು ಕೇಳುವವರಿಗೆ: ಲಲಿತ ಪ್ರಬಂಧದಲ್ಲಿ, ಅಂಕಣದಲ್ಲಿ, ಗೆಳೆಯರಿಗೆ ಬರೆಯುವ ಪತ್ರದಲ್ಲಿ ಧಾರಾಳವಾಗಿ ಬಳಸಿ, ಆದರೆ ಒಂದು ಬರಹಕ್ಕೆ ಒಂದು ಸಲ ಸಾಕು. ಕರಾರುಪತ್ರ, ವೈದ್ಯಕೀಯ ವರದಿ, ಸಂತಾಪಸೂಚನೆಗಳ ಹತ್ತಿರ ಅದನ್ನು ಬಿಡಬೇಡಿ. ಇಂಗ್ಲಿಷ್ ಪದಬಂಧ ಬಿಡಿಸುವವರಿಗೆ ಇದು ಹಳೆಯ ನೆಂಟ, ‘ಒಂದೂ ಅಲ್ಲ’ ಎಂಬರ್ಥದ ನಾಲ್ಕಕ್ಷರದ ಸುಳಿವಿಗೆ ಬಹಳ ಸಲ ಇದೇ ಉತ್ತರ.

‘ನೇರಿ’ಗೆ ನಕಾರವಿಲ್ಲದ ಒಡಹುಟ್ಟೊಂದಿದೆ, ‘ಏರಿ’. ‘ಎವರ್’ ಸವೆದು ‘ಏರ್’ ಆಗಿ, ಅದಕ್ಕೆ ‘ಎ’ ಸೇರಿ ಆದದ್ದು. ಪ್ರಾದೇಶಿಕ ಮಾತಿನಿಂದಾಚೆ ಅದು ಬಹುಮಟ್ಟಿಗೆ ಕಣ್ಮರೆಯಾಗಿದೆ. ಹಳೆಯ ಕಥೆಗಳಲ್ಲಿ ಪ್ರಶ್ನೆಯೊಳಗೆ ಅಡಗಿ ಬಂದರೆ ತಲೆ ಕೆರೆದುಕೊಳ್ಳಬೇಕಾದ್ದಿಲ್ಲ, ‘ಒಂದಾದರೂ’ ಅಲ್ಲಿ ಸಲೀಸಾಗಿ ಕೂರುತ್ತದೆ.