ರಸ್ತೆ ಅಪಘಾತದಲ್ಲಿ ಮನೆಯವರನ್ನು ಕಳೆದುಕೊಂಡಿರಾ? ಪರಿಹಾರಕ್ಕೆ ಹೀಗೆ ಅರ್ಜಿ ಹಾಕಿ

ರಾತ್ರಿ ಹನ್ನೊಂದು ಗಂಟೆ. ಆಸ್ಪತ್ರೆಯ ಶವಾಗಾರದ ಮುಂದೆ ಪೊಲೀಸರು ಕೇಳುತ್ತಾರೆ, "ವಯಸ್ಸೆಷ್ಟು?" ಹೆಂಡತಿ ಮಾತಾಡುವ ಸ್ಥಿತಿಯಲ್ಲಿಲ್ಲ. ಪಕ್ಕದಲ್ಲಿದ್ದ ಸಂಬಂಧಿಕರೊಬ್ಬರು, "ನಲವತ್ತೊಂದು ಇರಬಹುದು ಸಾರ್" ಎನ್ನುತ್ತಾರೆ. ಅಸಲಿಗೆ ಸತ್ತವರಿಗೆ ಮೂವತ್ತೆಂಟು. ಆ ಒಂದು ಅಂದಾಜು ಕಾಗದದಲ್ಲಿ ಹಾಗೇ ಉಳಿದರೆ ಆ ಮನೆಗೆ ಸುಮಾರು ನಾಲ್ಕೂ ಮುಕ್ಕಾಲು ಲಕ್ಷ ರೂಪಾಯಿ ಕೈತಪ್ಪಬಹುದು. ಹೇಗೆ ಅಂತ ಮುಂದೆ ಲೆಕ್ಕ ಹಾಕಿ ತೋರಿಸುತ್ತೇನೆ.

ಮೊದಲು ಕಾಗದಪತ್ರ

ದೂರು ಕೊಟ್ಟವರಿಗೆ ಎಫ್‌ಐಆರ್ ಪ್ರತಿಯನ್ನು ಪೊಲೀಸರು ಉಚಿತವಾಗಿ ಕೊಡಬೇಕು. ಅದನ್ನು ಅಲ್ಲೇ ನಿಂತು ಓದಿ. ವಾಹನದ ನಂಬರ್, ಹೆಸರು, ವಯಸ್ಸು, ಅಪಘಾತ ಆದ ಜಾಗ ಸರಿಯಿದೆಯಾ ನೋಡಿ. ತಪ್ಪಿದ್ದರೆ ಕೂಡಲೇ ಬರವಣಿಗೆಯಲ್ಲಿ ತಿಳಿಸಿ. ಆಮೇಲೆ ಸ್ಥಳ ಮಹಜರು, ಶವ ಪಂಚನಾಮೆ, ಮರಣೋತ್ತರ ಪರೀಕ್ಷೆ ವರದಿ, ವಾಹನದ ಇನ್ಶೂರೆನ್ಸ್ ಮತ್ತು ಚಾಲಕನ ಲೈಸೆನ್ಸ್ ಪ್ರತಿ, ಕೊನೆಗೆ ಚಾರ್ಜ್‌ಶೀಟ್ ಬೇಕಾಗುತ್ತವೆ. 2022ರ ಏಪ್ರಿಲ್‌ನಿಂದ ಇರುವ ನಿಯಮದ ಪ್ರಕಾರ ತನಿಖಾಧಿಕಾರಿ 48 ಗಂಟೆಯೊಳಗೆ ಮೊದಲ ಅಪಘಾತ ವರದಿಯನ್ನು ಪರಿಹಾರ ತೀರ್ಮಾನಿಸುವ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗೆ ಕಳಿಸಬೇಕು. ಕಳಿಸಿದ್ದಾರಾ ಎಂದು ಕೇಳುವುದಕ್ಕೆ ಹಿಂಜರಿಯಬೇಡಿ.

ಈ ದಿನಗಳಲ್ಲೇ ಯಾರೋ ಅಪರಿಚಿತರು ಮನೆಗೆ ಬಂದು, "ಎಲ್ಲಾ ನಾನೇ ಮಾಡಿಸ್ತೀನಿ, ಇಲ್ಲೊಂದು ಸಹಿ ಹಾಕಿ" ಎನ್ನಬಹುದು. ಖಾಲಿ ಹಾಳೆಗೆ, ಖಾಲಿ ವಕಾಲತ್ತಿಗೆ (ನಿಮ್ಮ ಪರ ವಾದಿಸಲು ವಕೀಲರಿಗೆ ಒಪ್ಪಿಗೆ ಕೊಡುವ ಪತ್ರ) ಸಹಿ ಹಾಕಲೇಬೇಡಿ. ವಕೀಲರಿಗೆ ಕೊಡಲು ದುಡ್ಡಿಲ್ಲ ಅಂದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಅಲ್ಲಿ ಉಚಿತ ವಕೀಲರು ಸಿಗುತ್ತಾರೆ. ಸಹಾಯವಾಣಿ 15100.

ಎಲ್ಲಿ, ಯಾವಾಗ ಅರ್ಜಿ?

ಅಪಘಾತ ಆದ ದಿನದಿಂದ ಆರು ತಿಂಗಳೊಳಗೆ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗೆ ಅರ್ಜಿ ಹಾಕಿ. ನಮ್ಮ ಕಡೆ ಇದನ್ನೇ ಎಂವಿಸಿ ಕೇಸು ಅನ್ನುವುದು. ಗಂಡ ಹುಬ್ಬಳ್ಳಿ ಹತ್ತಿರ ಹೆದ್ದಾರಿಯಲ್ಲಿ ತೀರಿಕೊಂಡರು, ನೀವಿರುವುದು ತುಮಕೂರಿನಲ್ಲಿ ಅಂದುಕೊಳ್ಳಿ. ತುಮಕೂರಿನಲ್ಲೇ ಅರ್ಜಿ ಹಾಕಬಹುದು, ಅಷ್ಟು ದೂರ ಅಲೆಯಬೇಕಾಗಿಲ್ಲ.

ದುಡ್ಡಿನ ಲೆಕ್ಕ

ಸತ್ತವರು ತರಕಾರಿ ವ್ಯಾಪಾರಿ, ವಯಸ್ಸು 38, ತಿಂಗಳ ದುಡಿಮೆ 15,000 ರೂಪಾಯಿ ಎಂದಿಟ್ಟುಕೊಳ್ಳೋಣ. ಹೆಂಡತಿ, ಇಬ್ಬರು ಮಕ್ಕಳು, ತಾಯಿ ಅವರನ್ನೇ ನಂಬಿದ್ದಾರೆ. ಸ್ವಂತ ದುಡಿಮೆಯವರು 40ರ ಒಳಗಿದ್ದರೆ, ಮುಂದೆ ಹೆಚ್ಚಬಹುದಾಗಿದ್ದ ಆದಾಯಕ್ಕೆಂದು ಶೇ 40 ಸೇರಿಸಬೇಕು ಎಂದು 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಅಲ್ಲಿಗೆ 21,000 ಆಯಿತು. ಅವರ ಸ್ವಂತ ಖರ್ಚಿಗೆಂದು ಕಾಲು ಭಾಗ ಕಳೆದರೆ 15,750. ವರ್ಷಕ್ಕೆ 1,89,000. ಇದನ್ನು ವಯಸ್ಸಿಗೆ ತಕ್ಕ ಗುಣಕದಿಂದ ಗುಣಿಸಬೇಕು; ಈ ವಯಸ್ಸಿಗೆ ಗುಣಕ 15. ಒಟ್ಟು 28,35,000 ರೂಪಾಯಿ.

ಈಗ ವಯಸ್ಸು 41 ಎಂದು ಬರೆದಿದ್ದರೆ? ಸೇರಿಸುವುದು ಶೇ 25 ಮಾತ್ರ, ಗುಣಕ 14. ಮೊತ್ತ 23,62,500ಕ್ಕೆ ಇಳಿಯುತ್ತದೆ. ಅದಕ್ಕೇ ಶಾಲೆಯ ಟಿಸಿ ಹುಡುಕಿ ತೆಗೆಯಿರಿ. ಜನ್ಮದಿನಾಂಕಕ್ಕೆ ಆಧಾರ್ ಕಾರ್ಡ್ ಪುರಾವೆಯಲ್ಲ ಎಂದು 2024ರಲ್ಲಿ ಸುಪ್ರೀಂ ಕೋರ್ಟ್ ಹೇಳಿ, ಇಂಥದ್ದೇ ಕೇಸಿನಲ್ಲಿ ಶಾಲೆಯ ದಾಖಲೆಯನ್ನು ಒಪ್ಪಿಕೊಂಡಿದೆ.

ಆದಾಯಕ್ಕೂ ಪುರಾವೆ ಬೇಕು. ಸಂಬಳದ ಚೀಟಿ ಇಲ್ಲದಿದ್ದರೆ ಹಾಲಿನ ಡೈರಿ ಪುಸ್ತಕ, ಎಪಿಎಂಸಿ ಬಿಲ್ಲು, ಪಹಣಿ, ಬ್ಯಾಂಕ್ ಪಾಸ್‌ಬುಕ್, ಸಂಘದ ಸಾಲದ ಕಂತು ಕಟ್ಟಿದ ರಸೀದಿ, ಏನಿದೆಯೋ ಅದೆಲ್ಲ ಕೊಡಿ. ಏನೂ ಇಲ್ಲದಿದ್ದರೆ ನಮ್ಮ ರಾಜ್ಯದ ಕಾನೂನು ಸೇವಾ ಪ್ರಾಧಿಕಾರದ ಪಟ್ಟಿ ನೋಡಿ ಆದಾಯ ಅಂದಾಜು ಮಾಡುವ ರೂಢಿಯಿದೆ. ಚೆನ್ನಾಗಿ ದುಡಿಯುತ್ತಿದ್ದವರ ಮನೆಗೆ ಅದು ಕಮ್ಮಿಯೇ. ಇಷ್ಟಲ್ಲದೆ ಅಂತ್ಯಕ್ರಿಯೆಯ ಖರ್ಚು, ಹೆಂಡತಿ ಮಕ್ಕಳು ಸಾಂಗತ್ಯ ಕಳೆದುಕೊಂಡದ್ದಕ್ಕೆ ಬೇರೆ ಹಣ ಸೇರುತ್ತದೆ.

ಬೇರೆ ದಾರಿಗಳು

ಯಾರ ತಪ್ಪು ಎಂದು ಸಾಬೀತು ಮಾಡದೆಯೇ 5 ಲಕ್ಷ ಪಡೆಯುವ ಅವಕಾಶವೂ ಮೋಟಾರು ವಾಹನ ಕಾಯ್ದೆಯ 164ನೇ ಕಲಮಿನಲ್ಲಿದೆ. ಆದರೆ ವಿಮಾ ಕಂಪನಿಯ ಜೊತೆ ಅದಕ್ಕೆ ರಾಜಿಯಾದರೆ ನ್ಯಾಯಮಂಡಳಿಗೆ ಹಾಕಿದ ದೊಡ್ಡ ಅರ್ಜಿ ಅಲ್ಲಿಗೇ ಮುಗಿಯುತ್ತದೆ. ಮೇಲಿನ ಲೆಕ್ಕ ಹಾಕಿ ನೋಡದೆ ಒಪ್ಪಬೇಡಿ.

ಗುದ್ದಿದ ಗಾಡಿ ಸಿಗಲೇ ಇಲ್ಲವಾದರೆ 2 ಲಕ್ಷ ರೂಪಾಯಿ ಸಿಗುವ ಯೋಜನೆಯಿದೆ. ಅರ್ಜಿ ಕೊಡಬೇಕಾದದ್ದು ಕೋರ್ಟಿಗಲ್ಲ, ತಹಶೀಲ್ದಾರ್ ಅಥವಾ ಉಪವಿಭಾಗಾಧಿಕಾರಿಗೆ.

ಸತ್ತವರು ತಮ್ಮದೇ ಬೈಕಿನಲ್ಲಿ ಸ್ಕಿಡ್ ಆಗಿ ಬಿದ್ದಿದ್ದರೆ ಮನೆಯವರು "ಇನ್ನೇನು ಸಿಗುತ್ತೆ" ಅಂತ ಸುಮ್ನೆ ಆಗಿಬಿಡುತ್ತಾರೆ. ಬೈಕಿನ ಪಾಲಿಸಿ ತೆಗೆದು ನೋಡಿ. ಮಾಲೀಕ-ಚಾಲಕರ ವೈಯಕ್ತಿಕ ಅಪಘಾತ ವಿಮೆ ಎಂಬ ಸಾಲಿಗೆ ಪ್ರೀಮಿಯಂ ಕಟ್ಟಿದ್ದು, ಗಾಡಿ ಅವರ ಹೆಸರಲ್ಲೇ ಇದ್ದು, ಲೈಸೆನ್ಸ್ ಚಾಲ್ತಿಯಲ್ಲಿದ್ದರೆ 15 ಲಕ್ಷ ಸಿಗಬೇಕು. ತಪ್ಪು ಯಾರದು ಅನ್ನುವುದು ಇಲ್ಲಿ ಲೆಕ್ಕಕ್ಕಿಲ್ಲ.

ಲೋಕ ಅದಾಲತ್ತಿನಲ್ಲಿ ರಾಜಿಯಾದರೆ ಹಣ ಬೇಗ ಬರುತ್ತದೆ, ಆದರೆ ಮೇಲ್ಮನವಿ ಇರುವುದಿಲ್ಲ. ನ್ಯಾಯಮಂಡಳಿ ಕೊಟ್ಟದ್ದು ಕಡಿಮೆ ಅನ್ನಿಸಿದರೆ 90 ದಿನದೊಳಗೆ ಹೈಕೋರ್ಟಿಗೆ ಹೋಗಬಹುದು. ಚಿಕ್ಕ ಮಕ್ಕಳ ಪಾಲನ್ನು ಸಾಮಾನ್ಯವಾಗಿ ಅವರಿಗೆ 18 ತುಂಬುವವರೆಗೆ ಬ್ಯಾಂಕಿನಲ್ಲಿ ಠೇವಣಿ ಇಡಿಸುತ್ತಾರೆ. ನಡುವೆ ಓದಿಗೋ ಚಿಕಿತ್ಸೆಗೋ ಹಣ ಬೇಕಾದರೆ, ಫೀಸಿನ ಚೀಟಿ ಇಟ್ಟು ಅದೇ ನ್ಯಾಯಮಂಡಳಿಗೆ ಅರ್ಜಿ ಕೊಟ್ಟು ಕೇಳಬಹುದು.