ಮಳೆಯಲ್ಲಿ ನೆನೆದ ‘ಕ’: ಸಂಧಿಗಳನ್ನು ನಗೆಚಿತ್ರವಾಗಿಸಿದ ನನ್ನ ಅನುಭವ

ವ್ಯಾಕರಣದ ನಗೆಚಿತ್ರಗಳನ್ನು ಮೇಷ್ಟರುಗಳ ಹೊರತು ಯಾರೂ ಕೊಳ್ಳುವುದಿಲ್ಲವೆಂದು ವ್ಯಂಗ್ಯಚಿತ್ರಕಾರ ಗೆಳೆಯರು ಹೇಳುತ್ತಲೇ ಇದ್ದರು. ಎರಡು ಪದಗಳು ಸೇರುವಾಗ ಅಕ್ಷರಗಳಲ್ಲಾಗುವ ಬದಲಾವಣೆಯನ್ನು, ಅಂದರೆ ಸಂಧಿಯನ್ನು, ನಗೆಚಿತ್ರವಾಗಿ ತೋರಿಸುವ ನನ್ನ ಕಾರ್ಡುಗಳ ಎರಡನೆಯ ಮುದ್ರಣವೂ ಈಗ ಬಹುಮಟ್ಟಿಗೆ ಖರ್ಚಾಗಿರುವುದರಿಂದ ನಾಲ್ಕು ಮಾತು ಬರೆಯುವ ಧೈರ್ಯ ಬಂದಿದೆ.

ಮೊದಲ ಕಂತಿನಲ್ಲಿ ಹಳಗನ್ನಡದ ವ್ಯಾಕರಣಕಾರ ಕೇಶಿರಾಜನ ಕಂದಪದ್ಯಗಳನ್ನೇ ಮಾತಿನ ಬಲೂನುಗಳಿಗೆ ತುಂಬಿದ್ದೆ. ‘ಊರಲ್ಲಿ’ ಎಂಬಲ್ಲಿ ಕಾಣೆಯಾದ ಉಕಾರವನ್ನು ಹುಡುಕಿಕೊಂಡು ಪೇದೆಯೊಬ್ಬ ಅಲೆಯುವ ಚಿತ್ರಕ್ಕೂ ಕೊನೆಯ ಚೌಕದಲ್ಲಿ ಲೋಪಸಂಧಿಯ ವಿವರಣೆಯಿತ್ತು. ಯಾರೂ ನಗಲಿಲ್ಲ. ಆಮೇಲೆ ಸಂಧಿಯ ಹೆಸರನ್ನೇ ಕೈಬಿಟ್ಟು, ನಿಯಮವನ್ನು ಒಂದು ಘಟನೆಯಾಗಿ ತೋರಿಸಿ, ನಿಯಮ ತಪ್ಪುವ ಜಾಗವನ್ನು ಕೊನೆಯ ಚೌಕಕ್ಕೆ ಮೀಸಲಿಟ್ಟೆ. ಕೊಡೆಯಿಲ್ಲದೆ ಮಳೆಗೆ ಹೊಕ್ಕ ‘ಕ’ ತೊಯ್ದು ‘ಗ’ ಆಗಿ ಹೊರಬರುತ್ತದೆ, ಚಳಿಯಲ್ಲೂ ನಡುಗಿ ‘ಗ’ ಆಗುತ್ತದೆ, ಬೇಸಿಗೆಯಲ್ಲಿ ಮಾತ್ರ ಕಪ್ಪು ಕನ್ನಡಕ ಹಾಕಿಕೊಂಡು ‘ಕ’ ಆಗಿಯೇ ಠೀವಿಯಿಂದ ನಡೆಯುತ್ತದೆ. ಏಕೆಂದರೆ ಮಳೆಗಾಲ, ಚಳಿಗಾಲ ಎನ್ನುವ ನಾವೇ ಸಾಮಾನ್ಯವಾಗಿ ಬೇಸಿಗೆಕಾಲ ಎನ್ನುತ್ತೇವೆ. ‘ಕ’ ಕರಗಿ ‘ಗ’ ಆಗುವ ನಡುವಿನ ಆಕಾರವನ್ನು ಬರೆಯುವ ಬಗೆ ಸದ್ಯಕ್ಕೆ ನನ್ನಲ್ಲೇ ಇರಲಿ. ಎರಡು ಸ್ವರಗಳ ನಡುವೆ ಹೊಸ ಅಕ್ಷರ ಬಂದು ಸೇರುವ ಆಗಮಸಂಧಿಗೆ ಬಸ್ಸಿನ ಸೀಟನ್ನು ಬಳಸಿದೆ: ‘ಮನೆ’ ಮತ್ತು ‘ಅನ್ನು’ಗಳ ನಡುವೆ ನುಸುಳಿ ಕೂತ ‘ಯ’, ‘ಅಕ್ಕಾ, ಇತ್ತ ಬಾ’ ಎಂಬ ಕೂಗು ಕೇಳಿದ ಕೂಡಲೇ ಬೆದರಿ ಹಿಂದೆ ಸರಿಯುತ್ತದೆ. ಸಂಧಿಯಾಗದೆ ಪದಗಳು ಇದ್ದಂತೆಯೇ ಉಳಿಯುವ ಈ ಪ್ರಕೃತಿಭಾವವನ್ನು ಇಷ್ಟು ಚಿಕ್ಕದಾಗಿ ಯಾರಾದರೂ ಹೇಳಿದ್ದಾರೆಯೇ ಎಂದು ಹೆಮ್ಮೆಯಿಂದಲೇ ಕೇಳುತ್ತೇನೆ.

ಹಣದ ಪೆಟ್ಟು ಬಿದ್ದದ್ದು ಅಚ್ಚಿನಲ್ಲಿ. 300 ಜಿಎಸ್‌ಎಂ (ಚದರ ಮೀಟರಿಗೆ 300 ಗ್ರಾಂ ತೂಗುವ) ದಪ್ಪ ಕಾಗದದಲ್ಲಿ ಹನ್ನೆರಡು ಕಾರ್ಡುಗಳ ಐನೂರು ಸೆಟ್ಟಿಗೆ ಸುಮಾರು ಹದಿನೆಂಟು ಸಾವಿರ ತಗಲಿತು. ಮುದ್ರಣಾಲಯದವರು ಕಡತವನ್ನು ಹಳೆಯ ತಂತ್ರಾಂಶದಲ್ಲಿ ತೆರೆದಾಗ ಒತ್ತಕ್ಷರಗಳೆಲ್ಲ ಚೆಲ್ಲಾಪಿಲ್ಲಿಯಾಗಿ, ಅರ್ಧದಷ್ಟು ಹಣ ರದ್ದಿಗೆ ಹೋಯಿತು. ಅಕ್ಷರಗಳನ್ನು ಔಟ್‌ಲೈನ್ ಮಾಡದೆ, ಅಂದರೆ ಫಾಂಟಿನ ಹಂಗಿಲ್ಲದ ರೇಖಾಚಿತ್ರಗಳಾಗಿ ಬದಲಿಸದೆ, ಯಾವ ಕಡತವನ್ನೂ ಈಗ ಕಳುಹಿಸುವುದಿಲ್ಲ. ಕೆಳಗಿಳಿಯುವ ಒತ್ತುಗಳಿಗಾಗಿ ಸಾಲುಗಳ ಅಂತರವನ್ನು ಒಂದೂವರೆ ಪಟ್ಟು ಇಟ್ಟು, ಒಂದು ಬಲೂನಿಗೆ ನಾಲ್ಕು ಪದ ಮೀರದಂತೆ ನೋಡಿಕೊಳ್ಳುತ್ತೇನೆ.

ನಡುವೆ ಬರೀ ಶ್ಲೇಷೆಯನ್ನೂ ಪ್ರಯತ್ನಿಸಿದೆ. ‘ಹತ್ತಿ, ಹತ್ತಿ’ ಎಂದು ಕಂಡಕ್ಟರು ಕೂಗಿದಾಗ ಅರಳೆಯ ಮೂಟೆ ಹೊತ್ತವನೊಬ್ಬ ಬೆಲೆ ಹೇಳಲು ಓಡಿಬರುವ ಚಿತ್ರ ಮಕ್ಕಳಿಗೆ ಹಿಡಿಸಿತಾದರೂ ಎರಡನೆಯ ಸಲ ನೋಡಿದವರಿಲ್ಲ. ಅದನ್ನು ಸ್ಟಿಕರ್ ಮಾಡಿ ಮಾರಿ ಚಹಾದ ಖರ್ಚು ಹುಟ್ಟಿಸಿಕೊಂಡೆ. ಸೆಟ್ಟಿನ ಬೆಲೆ ನೂರು ರೂಪಾಯಿ. ರದ್ದಿಯ ನಷ್ಟ ಎರಡನೆಯ ಮುದ್ರಣದಲ್ಲಿ ತೀರಿತು. ಒಂದೇ ಜಾತಿಯ ಎರಡು ಸ್ವರಗಳು ಸೇರಿ ದೀರ್ಘವಾಗುವ ಸವರ್ಣದೀರ್ಘ ಸಂಧಿಗೆ ಮಾತ್ರ ನಗು ಬರಿಸುವಂಥ ಅಪವಾದ ನನಗಿನ್ನೂ ಸಿಕ್ಕಿಲ್ಲವಾದ್ದರಿಂದ ಹದಿಮೂರನೆಯ ಕಾರ್ಡನ್ನು ತಡೆಹಿಡಿದಿದ್ದೇನೆ.