ಧ್ವನಿಮುದ್ರಣದ ಒಡೆತನ ಬಿಡದೆ ಕಟ್ಟಿಕೊಂಡ ರಾಕ್ ಬದುಕು

ನಮ್ಮ ಬ್ಯಾಂಡ್ ಇದುವರೆಗೆ ಹೊರತಂದಿರುವ ಎಲ್ಲ ಧ್ವನಿಮುದ್ರಣಗಳ ಒಡೆತನವೂ ನಮ್ಮಲ್ಲೇ ಉಳಿದಿದೆ. ನಾನು ಹಾಡು ಬರೆದು ಹಾಡುತ್ತೇನೆ, ಗಿಟಾರ್ ನುಡಿಸುತ್ತೇನೆ. ಎರಡನೆಯ ಗಿಟಾರ್, ಬೇಸ್ ಮತ್ತು ಡ್ರಮ್ಸ್‌ಗೆ ಮೂವರು ಗೆಳೆಯರಿದ್ದಾರೆ. ಸಂಗೀತ ಕಂಪನಿಗಳ ಹಳೆಯ ಮಾದರಿಯ ಕರಾರಿನಲ್ಲಿ ಬ್ಯಾಂಡ್‌ಗೆ ಸಿಗುವ ಮುಂಗಡವೂ ಸ್ಟುಡಿಯೊ ವೆಚ್ಚವೂ ಕಲಾವಿದರ ಪಾಲಿನ ರಾಯಲ್ಟಿಯಿಂದಲೇ ವಜಾ ಆಗುತ್ತವೆ. ಆ ಲೆಕ್ಕವೆಲ್ಲ ಚುಕ್ತಾ ಆದ ಮೇಲೂ ಮಾಸ್ಟರ್, ಅಂದರೆ ಮೂಲ ಧ್ವನಿಮುದ್ರಣ ಮಾತ್ರ ಕಂಪನಿಯ ಸ್ವತ್ತಾಗಿಯೇ ಉಳಿಯುತ್ತದೆ. ಖರ್ಚನ್ನು ನಮ್ಮ ಶಕ್ತಿಗೆ ತಕ್ಕಂತೆ ಇಳಿಸಿಕೊಂಡು ಮಾಸ್ಟರ್ ಅನ್ನು ನಾವೇ ಇಟ್ಟುಕೊಳ್ಳುವುದು ಮೇಲು ಎಂದು ತೀರ್ಮಾನಿಸಿದೆವು. ಹಾಗೆ ತೀರ್ಮಾನಿಸಿದ ಮೇಲೆ ಧ್ವನಿಮುದ್ರಣದ ಕೆಲಸವನ್ನು ನಾವೇ ಕಲಿಯದೆ ಗತ್ಯಂತರವಿರಲಿಲ್ಲ.

ಈ ದಾರಿ ಹೊಸತೇನಲ್ಲ. 1979ರಲ್ಲಿ ಟ್ಯಾಸ್ಕಾಮ್ ಕಂಪನಿ ಸಾಮಾನ್ಯ ಕ್ಯಾಸೆಟ್ಟಿನ ಮೇಲೆ ನಾಲ್ಕು ಟ್ರ್ಯಾಕ್‌ಗಳನ್ನು (ಬೇರೆ ಬೇರೆಯಾಗಿ ಮುದ್ರಿಸಿ ಕೂಡಿಸುವ ಧ್ವನಿಪದರಗಳನ್ನು) ಮುದ್ರಿಸಬಲ್ಲ ಪೋರ್ಟಾಸ್ಟುಡಿಯೊ ಯಂತ್ರವನ್ನು ಮಾರುಕಟ್ಟೆಗೆ ತಂದಿತು. ಅಮೆರಿಕದ ರಾಕ್ ಗಾಯಕ ಬ್ರೂಸ್ ಸ್ಪ್ರಿಂಗ್‌ಸ್ಟೀನ್ ದೊಡ್ಡ ಕಂಪನಿಯ ಕಲಾವಿದರಾಗಿದ್ದರೂ, ಮನೆಯಲ್ಲಿ ಆ ಯಂತ್ರದಲ್ಲಿ ಕರಡಾಗಿ ಮುದ್ರಿಸಿಕೊಂಡಿದ್ದ ಹಾಡುಗಳನ್ನೇ 1982ರಲ್ಲಿ ಆಲ್ಬಮ್ ಆಗಿ ಹೊರತಂದರು. ಇಂದು ಸಾಧಾರಣ ಲ್ಯಾಪ್‌ಟಾಪಿಗೆ ಮೈಕ್, ಗಿಟಾರ್‌ಗಳ ಧ್ವನಿಯನ್ನು ಅದರೊಳಗೆ ಕಳಿಸುವ ಒಂದು ಆಡಿಯೊ ಇಂಟರ್‌ಫೇಸ್ ಜೋಡಿಸಿದರೆ ಅದಕ್ಕಿಂತ ಎಷ್ಟೋ ಹೆಚ್ಚು ಟ್ರ್ಯಾಕ್‌ಗಳು ಸಿಗುತ್ತವೆ. ಆದರೂ ನಾವು ಎಂಟು ಟ್ರ್ಯಾಕ್‌ಗಳನ್ನು ಮೀರುವುದು ಅಪರೂಪ, ಏಕೆಂದರೆ ಮಿತಿಯಿದ್ದಾಗ ಯಾವ ವಾದ್ಯ ಏಕೆ ಬೇಕೆಂಬ ಪ್ರಶ್ನೆಯನ್ನು ನುಡಿಸುವ ಮೊದಲೇ ಕೇಳಿಕೊಳ್ಳುತ್ತೇವೆ.

ಮನೆಯಲ್ಲಿ ಮುದ್ರಿಸುವವರಿಗೆ ಅತಿ ಹೆಚ್ಚು ಕಷ್ಟ ಕೊಡುವುದು ಡ್ರಮ್ಸ್. ನಾವು ಬಳಸುವುದು ನಾಲ್ಕೇ ಮೈಕ್‌ಗಳನ್ನು. ಅವನ್ನು ಇಡುವ ಕ್ರಮವು ಇಂಗ್ಲೆಂಡಿನ ಹೆಸರಾಂತ ಧ್ವನಿ ಎಂಜಿನಿಯರ್ ಗ್ಲಿನ್ ಜಾನ್ಸ್ ಅವರ ಹೆಸರಿನಲ್ಲಿ ಪ್ರಸಿದ್ಧವಾದದ್ದು. ಕಾಲಿನಿಂದ ಬಾರಿಸುವ ಕಿಕ್ ಡ್ರಮ್ಮಿಗೆ ಒಂದು, ಡ್ರಮ್ಮರ್ ಮುಂದಿರುವ ಸ್ನೇರ್ ಎಂಬ ಚಿಕ್ಕ ಡ್ರಮ್ಮಿಗೆ ಒಂದು, ಸ್ನೇರ್‌ನ ನೇರ ಮೇಲೆ ಸುಮಾರು ಒಂದು ಮೀಟರ್ ಎತ್ತರದಲ್ಲಿ ಮೂರನೆಯದು, ನೆಲದ ಮೇಲೆ ನಿಲ್ಲುವ ಫ್ಲೋರ್ ಟಾಮ್ ಡ್ರಮ್ಮಿನ ಪಕ್ಕದಿಂದ ಸ್ನೇರ್‌ನತ್ತ ಮುಖ ಮಾಡಿದ ನಾಲ್ಕನೆಯದು. ಕೊನೆಯ ಎರಡೂ ಸ್ನೇರ್‌ನ ನಡುಬಿಂದುವಿನಿಂದ ಸಮಾನ ದೂರದಲ್ಲಿರಬೇಕೆಂಬುದೇ ಇದರ ಜೀವಾಳ. ಶಬ್ದವು ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 343 ಮೀಟರ್ ವೇಗದಲ್ಲಿ ಸಾಗುವುದರಿಂದ, ಒಂದು ಮೈಕ್ 34 ಸೆಂಟಿಮೀಟರಿನಷ್ಟು ಹಿಂದೆ ಸರಿದರೂ ಅದಕ್ಕೆ ಪೆಟ್ಟು ಒಂದು ಮಿಲಿಸೆಕೆಂಡ್ ತಡವಾಗಿ ತಲುಪುತ್ತದೆ. ಎರಡನ್ನೂ ಕೂಡಿಸಿದಾಗ 500 ಹರ್ಟ್ಸ್ ಆಸುಪಾಸಿನ ಧ್ವನಿ ಪರಸ್ಪರ ಅಳಿಸಿಹೋಗಿ ಸ್ನೇರ್ ಬಡವಾಗಿ ಕೇಳಿಸುತ್ತದೆ. ಆದ್ದರಿಂದ ನಮ್ಮ ಡ್ರಮ್ಮರ್ ದಾರದ ಒಂದು ತುದಿಯನ್ನು ಸ್ನೇರ್‌ನ ನಡುವೆ ಹೆಬ್ಬೆರಳಿನಿಂದ ಒತ್ತಿ ಹಿಡಿಯುತ್ತಾನೆ. ನಾನು ದಾರವನ್ನು ಬಿಗಿಯಾಗಿ ಎಳೆದು ಮೇಲಿನ ಮೈಕ್ ಮುಟ್ಟುವಲ್ಲಿ ಗಂಟು ಹಾಕುತ್ತೇನೆ, ಅದೇ ಗಂಟು ಪಕ್ಕದ ಮೈಕಿಗೂ ತಾಗುವವರೆಗೆ ಸ್ಟ್ಯಾಂಡನ್ನು ಸರಿಸುತ್ತೇನೆ. ಬಳಿಕ ಒಂದು ಹಾಡನ್ನು ಪೂರ್ತಿ ನುಡಿಸಿ, ಎರಡೂ ಮೈಕ್‌ಗಳನ್ನು ಮೊನೊದಲ್ಲಿ, ಅಂದರೆ ಒಂದೇ ಧ್ವನಿಯಾಗಿ ಕೂಡಿಸಿ ಕೇಳುತ್ತೇವೆ. ಸ್ನೇರ್ ತುಂಬಿಕೊಂಡು ಬಂದರೆ ಮಾತ್ರ ಮುಂದಿನ ಕೆಲಸ. ಒಳ್ಳೆಯ ಡ್ರಮ್ಸ್ ಧ್ವನಿಗೆ ದುಬಾರಿ ಮೈಕ್‌ಗಳಿಗಿಂತ ಹೊಸ ಚರ್ಮ ಹಾಕಿ ಶ್ರುತಿಗೊಳಿಸಿದ ಡ್ರಮ್ ಮತ್ತು ಒಂದೇ ತೂಕದಲ್ಲಿ ಬಾರಿಸುವ ಕೈ ಮುಖ್ಯ ಎಂಬುದು ನನ್ನ ಖಚಿತ ಅಭಿಪ್ರಾಯ.

ಗಿಟಾರಿಗೆ ಇಷ್ಟು ಸಿದ್ಧತೆ ಬೇಡ. ಶೂರ್ ಎಸ್‌ಎಂ57 ಮೈಕನ್ನು ಆಂಪ್ಲಿಫೈಯರಿನ ಸ್ಪೀಕರ್ ಕೋನಿನ ನಡುಭಾಗಕ್ಕೆ ಹಿಡಿದರೆ ಧ್ವನಿ ಹರಿತವಾಗಿರುತ್ತದೆ, ಅಂಚಿನತ್ತ ಸರಿಸುತ್ತ ಹೋದಂತೆ ಮೃದುವಾಗುತ್ತದೆ. ಮೇಲಿನ, ಕೆಳಗಿನ ಸ್ವರಗಳನ್ನು ಏರಿಳಿಸುವ ಈಕ್ವಲೈಜರ್ ಮುಟ್ಟುವ ಮೊದಲು ಮೈಕನ್ನೇ ಸರಿಸಿ ನೋಡಿದರೆ ಅರ್ಧ ಕೆಲಸ ಮುಗಿದಂತೆ. ಬಿಡುಗಡೆಗೆ ಮೊದಲು ಧ್ವನಿಯನ್ನು ಕೊನೆಯದಾಗಿ ಹದಗೊಳಿಸುವ ಮಾಸ್ಟರಿಂಗನ್ನು ಮಾತ್ರ ಹೊರಗಿನವರಿಗೆ ಕೊಡುತ್ತೇವೆ, ಹಾಡನ್ನು ಮೊದಲ ಸಲ ಕೇಳುವ ಕಿವಿಯೊಂದು ಬೇಕೇ ಬೇಕು. ಅವರಿಗೆ ನಿಗದಿತ ಶುಲ್ಕ ಕೊಡುತ್ತೇವೆಯೇ ಹೊರತು ರಾಯಲ್ಟಿಯ ಪಾಲನ್ನಲ್ಲ. ಅಮೆರಿಕದ ಧ್ವನಿ ಎಂಜಿನಿಯರ್ ಸ್ಟೀವ್ ಅಲ್ಬಿನಿ ತಾವು ಮುದ್ರಿಸಿದ ಬ್ಯಾಂಡ್‌ಗಳಿಂದ ಹೀಗೆ ಶುಲ್ಕವನ್ನಷ್ಟೇ ಪಡೆದು ರಾಯಲ್ಟಿಯನ್ನು ನಿರಾಕರಿಸುತ್ತಿದ್ದರು; ಅವರ ಆ ನಿಲುವಿನ ಬಗ್ಗೆ ನನಗೆ ಅಪಾರ ಗೌರವವಿದೆ.

ಹಾಡು ಸಿದ್ಧವಾದ ದಿನವೇ ಕಾಗದದ ಕೆಲಸವನ್ನೂ ಮುಗಿಸುತ್ತೇವೆ. ಒಂದು ಹಾಡಿನಲ್ಲಿ ಎರಡು ಬೇರೆ ಬೇರೆ ಹಕ್ಕುಗಳಿವೆ: ಸಾಹಿತ್ಯ ಮತ್ತು ಸಂಯೋಜನೆಯದು ಒಂದು, ಆ ನಿರ್ದಿಷ್ಟ ಧ್ವನಿಮುದ್ರಣದ್ದು ಇನ್ನೊಂದು. ಹಾಡು ನಾನೇ ಬರೆದಿದ್ದರೂ ಧ್ವನಿಮುದ್ರಣದ ಹಕ್ಕು ನಾಲ್ವರಿಗೂ ಸಮಪಾಲು, ಬ್ಯಾಂಡ್ ಬಿಟ್ಟುಹೋದವರಿಗೂ ಅವರು ನುಡಿಸಿದ ಹಾಡುಗಳ ಪಾಲು ಸಲ್ಲುತ್ತಲೇ ಇರುತ್ತದೆ ಎಂದು ಬರೆದು ಸಹಿ ಹಾಕಿದ್ದೇವೆ. ದುಡ್ಡು ಬರುವ ಮೊದಲು ಈ ಮಾತು ಹತ್ತು ನಿಮಿಷದಲ್ಲಿ ಮುಗಿಯುತ್ತದೆ. ಬಂದ ಮೇಲೆ ಸ್ನೇಹವನ್ನೇ ಬಲಿ ತೆಗೆದುಕೊಳ್ಳಬಹುದು. ಪ್ರತಿ ಧ್ವನಿಮುದ್ರಣಕ್ಕೂ ಅದನ್ನು ಗುರುತಿಸುವ, 12 ಅಕ್ಷರ-ಅಂಕಿಗಳ ಐಎಸ್‌ಆರ್‌ಸಿ ಎಂಬ ಸಂಕೇತವಿರುತ್ತದೆ. ಹಾಡನ್ನು ಸ್ಟ್ರೀಮಿಂಗ್ ತಾಣಗಳಿಗೆ ತಲುಪಿಸುವ ವಿತರಕರನ್ನು ಬದಲಿಸಿದಾಗ ಅದೇ ಸಂಕೇತವನ್ನು ಮತ್ತೆ ಬಳಸುವಂತೆ ನಾನು ಒತ್ತಾಯಿಸುತ್ತೇನೆ, ಇಲ್ಲವಾದರೆ ಹಾಡು ಹೊಸದೆಂದು ದಾಖಲಾಗಿ ಹಳೆಯ ಕೇಳುವಿಕೆಯ ಲೆಕ್ಕ ಕೈತಪ್ಪುವ ಅಪಾಯವಿರುತ್ತದೆ.

ಸ್ಟ್ರೀಮಿಂಗ್‌ನಿಂದ ಬರುವ ಆದಾಯ ತೀರಾ ಅಲ್ಪ. ಸ್ಪಾಟಿಫೈ 2024ರಿಂದ, ಹಿಂದಿನ 12 ತಿಂಗಳಲ್ಲಿ ಕನಿಷ್ಠ 1,000 ಸಲ ಕೇಳಲ್ಪಡದ ಹಾಡುಗಳಿಗೆ ಧ್ವನಿಮುದ್ರಣದ ರಾಯಲ್ಟಿಯನ್ನೇ ಕೊಡುವುದಿಲ್ಲ. ಹಾಡು ಹೊಸಬರ ಕಿವಿಗೆ ಬೀಳಲಿ ಎಂಬ ಕಾರಣಕ್ಕೆ ಅಲ್ಲಿರುತ್ತೇವೆ. 2008ರಲ್ಲಿ ಆರಂಭವಾದ ಬ್ಯಾಂಡ್‌ಕ್ಯಾಂಪ್ ಜಾಲತಾಣದಲ್ಲಿ ಕೇಳುಗರು ಆಲ್ಬಮನ್ನು ನೇರವಾಗಿ ಕೊಳ್ಳುತ್ತಾರೆ, ಡಿಜಿಟಲ್ ಮಾರಾಟದಲ್ಲಿ ಅದರ ಪಾಲು ಸಾಮಾನ್ಯವಾಗಿ ಶೇ. 15 ಮಾತ್ರ. ಕಾರ್ಯಕ್ರಮ ಮುಗಿದ ಮೇಲೆ ಮೇಜಿನ ಮೇಲಿಟ್ಟು ಮಾರುವ ಟೀ ಶರ್ಟ್ ಮತ್ತು ವಿನೈಲ್‌ಗಳೂ ನೆರವಾಗುತ್ತವೆ. ಇಷ್ಟೆಲ್ಲ ಆದರೂ ನಾನು ಗಿಟಾರ್ ಪಾಠ ಹೇಳುತ್ತೇನೆ, ಬೇರೆ ಬ್ಯಾಂಡ್‌ಗಳ ಹಾಡುಗಳನ್ನು ಮಿಕ್ಸ್ ಮಾಡಿಕೊಡುತ್ತೇನೆ. ಇದನ್ನು ಸೋಲೆಂದು ನಾನು ಎಣಿಸುವುದಿಲ್ಲ. ಬಾಡಿಗೆಯ ಚಿಂತೆಯಿಲ್ಲದಿರುವುದರಿಂದಲೇ ಒಲ್ಲದ ಕರಾರಿಗೆ ಒಲ್ಲೆ ಎನ್ನಲು ಸಾಧ್ಯವಾಗಿದೆ.

ಕಿವಿಯ ಮಾತನ್ನು ಹೇಳದೆ ಈ ಬರಹ ಪೂರ್ಣವಾಗದು. ಅಮೆರಿಕದ ಔದ್ಯೋಗಿಕ ಆರೋಗ್ಯ ಸಂಸ್ಥೆ ನಿಯೋಶ್‌ನ ಶಿಫಾರಸಿನಂತೆ ದಿನಕ್ಕೆ 85 ಡೆಸಿಬೆಲ್ ಶಬ್ದವನ್ನು 8 ಗಂಟೆ ತಾಳಬಹುದು, ಪ್ರತಿ 3 ಡೆಸಿಬೆಲ್ ಏರಿದಂತೆ ಆ ಅವಧಿ ಅರ್ಧಕ್ಕಿಳಿಯುತ್ತದೆ. ಲೆಕ್ಕ ಹಾಕಿದರೆ 100 ಡೆಸಿಬೆಲ್‌ಗೆ ಉಳಿಯುವುದು 15 ನಿಮಿಷ ಮಾತ್ರ, ಡ್ರಮ್ಸ್ ಪಕ್ಕದಲ್ಲಿ ನಿಂತವರಿಗೆ ಆ ಮಟ್ಟವೇನೂ ಅಪರೂಪವಲ್ಲ. ದ ಹೂ ಬ್ಯಾಂಡ್‌ನ ಪೀಟ್ ಟೌನ್‌ಶೆಂಡ್ ತಮ್ಮ ಶ್ರವಣದೋಷದ ಬಗ್ಗೆ ಬಹಿರಂಗವಾಗಿ ಮಾತನಾಡಿದ್ದಾರೆ. ಕಿವಿಗೆ ಇಟ್ಟುಕೊಳ್ಳುವ ಸಾಮಾನ್ಯ ಫೋಮ್ ತುಣುಕುಗಳು ಮೇಲಿನ ಸ್ವರಗಳನ್ನೇ ಹೆಚ್ಚು ತಡೆದು ಎಲ್ಲವನ್ನೂ ಮಂಕಾಗಿಸುವುದರಿಂದ, ನಾವು ಸಂಗೀತಗಾರರಿಗೆಂದೇ ತಯಾರಾಗುವ ಫಿಲ್ಟರ್ ಇರುವ ಇಯರ್‌ಪ್ಲಗ್ ಬಳಸುತ್ತೇವೆ. ಅವು ಎಲ್ಲ ಸ್ವರಗಳನ್ನೂ ಹೆಚ್ಚುಕಡಿಮೆ ಒಂದೇ ಪ್ರಮಾಣದಲ್ಲಿ ತಗ್ಗಿಸುತ್ತವೆ. ವೇದಿಕೆಯ ಮೇಲೆ ಆಂಪ್ಲಿಫೈಯರನ್ನು ಮೊಣಕಾಲಿಗೆ ಶಬ್ದ ಬಡಿಯುವಂತೆ ನೆಲದ ಮೇಲಿಡುವ ಬದಲು ಸ್ಟ್ಯಾಂಡಿನ ಮೇಲೆ ಓರೆಯಾಗಿ ಕಿವಿಯತ್ತ ತಿರುಗಿಸಿಡುತ್ತೇನೆ. ಇದರಿಂದ ನನಗೆ ಕಡಿಮೆ ಶಬ್ದದಲ್ಲೇ ಗಿಟಾರ್ ಸ್ಪಷ್ಟವಾಗಿ ಕೇಳಿಸುತ್ತದೆ, ಗಾಯನದ ಮೈಕಿಗೆ ಗಿಟಾರ್ ನುಸುಳುವುದು ತಗ್ಗುತ್ತದೆ, ಮತ್ತು ಸೌಂಡ್ ಎಂಜಿನಿಯರ್‌ಗೆ ಸಭಾಂಗಣದ ಸ್ಪೀಕರ್‌ಗಳಲ್ಲಿ ಹಾಡಿನ ಮಾತುಗಳನ್ನು ಗಿಟಾರಿಗಿಂತ ಮುಂದಿಡಲು ಅವಕಾಶ ದೊರೆಯುತ್ತದೆ.